ಕೊನೆಯಿಂದ ಓದುವ ವಿದ್ಯೆ

ಪಹಣಿಯನ್ನು ಓದುವುದು ಒಂದು ವಿದ್ಯೆ. ಬೆಂಗಳೂರು ಗ್ರಾಮಾಂತರ ಜಿಲ್ಲೆಯ ಹೊಸಕೋಟೆ ತಾಲ್ಲೂಕಿಗೆ ಸೇರಿದ ಜಡಿಗೇನಹಳ್ಳಿ ಹೋಬಳಿಯಂತಹ ಕಡೆಗಳಲ್ಲಿ, ಶಾಲೆಯ ಮೆಟ್ಟಿಲನ್ನು ಹೆಚ್ಚು ಹತ್ತದಿದ್ದರೂ ಈ ವಿದ್ಯೆಯನ್ನು ಕರಗತ ಮಾಡಿಕೊಂಡ ಹಿರಿಯರು ಅಪರೂಪವೇನಲ್ಲ. ಸರ್ವೆ ನಂಬರಿನ ಪಕ್ಕದಲ್ಲಿ ಓರೆಗೆರೆಯ ಆಚೆ ಬರೆದಿರುವ ಅಂಕಿ ಹಿಸ್ಸಾ ಸಂಖ್ಯೆಯೆಂಬುದನ್ನೂ, 9ನೆಯ ಅಂಕಣದಲ್ಲಿ ಒಡೆಯನ ಹೆಸರು, 11ನೆಯ ಅಂಕಣದಲ್ಲಿ ಭೂಮಿಯ ಮೇಲಿನ ಋಣ ನಮೂದಾಗಿರುವುದೆಂಬುದನ್ನೂ ಅವರು ಬಲ್ಲರು. ವಿಸ್ತೀರ್ಣದ ಜಾಗದಲ್ಲಿ 2-10 ಎಂದಿದ್ದರೆ ಪಟ್ಟಣದಿಂದ ಬಂದ ಅಪರಿಚಿತನು ತಡವರಿಸಬಹುದು. ರೈತನಾದರೋ ಅದನ್ನು ಎರಡು ಎಕರೆ ಹತ್ತು ಗುಂಟೆಯೆಂದು, ಎಂದರೆ ಎರಡೂಕಾಲು ಎಕರೆಯೆಂದು, ಕೂಡಲೇ ಓದಿಬಿಡುತ್ತಾನೆ. ಎಕರೆಗೆ 40 ಗುಂಟೆಯೆಂಬ ಲೆಕ್ಕ ಅವನ ನಾಲಗೆಯ ತುದಿಯಲ್ಲಿಯೇ ಇದೆ.

ಈ ಜ್ಞಾನವು ಯಾರಿಗೂ ಹುಟ್ಟಿನಿಂದ ಬಂದುದಲ್ಲ, ನಷ್ಟದಿಂದ ಕಲಿತುದು. ಓದು ಬಾರದ ಕಾಲದಲ್ಲಿ ಸಾಲಕೊಟ್ಟವನ ಮಾತನ್ನು ನಂಬಿ, ಬರೆದುದೇನೆಂದು ತಿಳಿಯದ ಕಾಗದದ ಮೇಲೆ ಹೆಬ್ಬೆಟ್ಟನ್ನು ಒತ್ತಿ ಹೊಲವನ್ನು ಕಳೆದುಕೊಂಡ ಕುಟುಂಬಗಳು ನಾಡಿನಲ್ಲಿ ಎಷ್ಟೋ. ಆ ನೋವಿನಿಂದ ಹಳ್ಳಿಯ ಜನ ಒಂದು ನಿಯಮವನ್ನು ಕಂಡುಕೊಂಡರು: ಓದದೆ ಒತ್ತಬಾರದು. ಇಂದು ಅದೇ ಬೆರಳು ಕಾಗದವನ್ನು ಬಿಟ್ಟು ಫೋನಿನ ಗಾಜಿನ ಮೇಲೆ ಒತ್ತುತ್ತಿದೆ. ಒತ್ತುವ ವಸ್ತು ಬದಲಾಗಿದೆ, ನಿಯಮ ಬದಲಾಗಿಲ್ಲ.

ಕರ್ನಾಟಕದಲ್ಲಿ 2000ದ ಸುಮಾರಿಗೆ ಆರಂಭವಾದ 'ಭೂಮಿ' ಯೋಜನೆಯು ಗ್ರಾಮಲೆಕ್ಕಿಗರ ಕೈಬರಹದ ಪಹಣಿಗಳನ್ನು ಗಣಕಯಂತ್ರಕ್ಕೆ ಏರಿಸಿತು. ಇಂದು ಹೊಲದ ಬದುವಿನ ಮೇಲೆ ನಿಂತೇ ಪಹಣಿಯನ್ನು ನೋಡಬಹುದು. ಆದಾಯ ಪ್ರಮಾಣಪತ್ರ, ಜಾತಿ ಪ್ರಮಾಣಪತ್ರ, ಬ್ಯಾಂಕಿನ ಲೆಕ್ಕ, ಪರೀಕ್ಷೆಯ ಫಲಿತಾಂಶ ಎಲ್ಲವೂ ಫೋನಿನೊಳಗೆ ಕಡತಗಳಾಗಿ ಬಂದು ಕುಳಿತಿವೆ. ಅವುಗಳೊಡನೆ ಅರ್ಥವಾಗದ ಹೆಸರುಗಳ ಹೊಸದೊಂದು ಲೋಕವೂ ಬಂದಿದೆ. ಅಕ್ಷರ, ಅಂಕಿ, ಅಡ್ಡಗೆರೆ, ಚುಕ್ಕೆ ಇವೆಲ್ಲ ಬೆರೆತ ಆ ಸಾಲುಗಳನ್ನು ಕಂಡು ಅನೇಕರು ಗಾಬರಿಯಾಗುತ್ತಾರೆ. ಮತ್ತೆ ಕೆಲವರು ಓದುವ ಗೊಡವೆಗೇ ಹೋಗದೆ ಒತ್ತಿಬಿಡುತ್ತಾರೆ. ಎರಡೂ ತಪ್ಪು.

ಮೊದಲಿಗೆ ಗಾಬರಿಯ ವಿಷಯ. ವಿಚಿತ್ರವಾದ ಹೆಸರೆಲ್ಲ ಅಪಾಯದ ಗುರುತು ಎಂಬುದು ಸಾಮಾನ್ಯವಾದ ಅಭಿಪ್ರಾಯ. ವಾಸ್ತವದಲ್ಲಿ ಪ್ರಾಮಾಣಿಕವಾದ ಕಡತಗಳ ಹೆಸರುಗಳೇ ಬಹುಮಟ್ಟಿಗೆ ಒರಟಾಗಿರುತ್ತವೆ. ಹಿಂದಿನ ಗಣಕಯಂತ್ರಗಳಲ್ಲಿ ಒಂದು ಕಡತದ ಹೆಸರಿಗೆ 8 ಅಕ್ಷರಗಳು, ಚುಕ್ಕೆಯ ನಂತರ 3 ಅಕ್ಷರಗಳು, ಇಷ್ಟಕ್ಕೇ ಅವಕಾಶವಿತ್ತು. ಇಕ್ಕಟ್ಟಿನಲ್ಲಿ ಹುಟ್ಟಿದ ಸಂಕ್ಷೇಪದ ಅಭ್ಯಾಸವು ಜಾಗ ವಿಶಾಲವಾದ ಮೇಲೂ ಉಳಿಯಿತು. ಇದಲ್ಲದೆ ಇಂದು ಬಹುಪಾಲು ಕಡತಗಳಿಗೆ ಹೆಸರಿಡುವುದು ಮನುಷ್ಯನಲ್ಲ, ಯಂತ್ರ. ವಾಟ್ಸಾಪಿನಲ್ಲಿ ಬಂದ ಚಿತ್ರದ ಹೆಸರು 'ಐಎಂಜಿ-20240115-ಡಬ್ಲ್ಯುಎ0007' ಎಂಬಂತೆ ಇರುತ್ತದೆ. ಫೋನಿನಲ್ಲಿ ಅದು ರೋಮನ್ ಅಕ್ಷರಗಳಲ್ಲಿ ಕಾಣುವುದು. ಬಿಡಿಸಿ ನೋಡಿದರೆ ಅದರಲ್ಲಿ ರಹಸ್ಯವೇನೂ ಇಲ್ಲ. ಐಎಂಜಿ ಎಂದರೆ ಚಿತ್ರ, ಮುಂದಿನ ಎಂಟು ಅಂಕಿಗಳು 2024ನೆಯ ಇಸವಿಯ ಮೊದಲ ತಿಂಗಳ 15ನೆಯ ದಿನ, ಡಬ್ಲ್ಯುಎ ಎಂಬುದು ವಾಟ್ಸಾಪ್, ಕೊನೆಯದು ಕ್ರಮಸಂಖ್ಯೆ. ನಾಡಕಚೇರಿಯ ಪ್ರಮಾಣಪತ್ರದ ಮೇಲೆ 'ಆರ್‌ಡಿ' ಎಂದು ಆರಂಭವಾಗುವ ಉದ್ದನೆಯ ಸಂಖ್ಯೆಯೂ ಇಂತಹುದೇ. ಯಂತ್ರಕ್ಕೆ ಅಂದಚೆಂದದ ಹಂಗಿಲ್ಲ. ಒಂದು ಕಡತ ಮತ್ತೊಂದರೊಡನೆ ಬೆರೆಯಬಾರದೆಂಬುದಷ್ಟೇ ಅದರ ಉದ್ದೇಶ.

ಮೋಸಗಾರನಾದರೋ ಹೆಸರನ್ನು ಬಹು ಎಚ್ಚರದಿಂದ ಆರಿಸುತ್ತಾನೆ. ಓದಿದವನ ಮನಸ್ಸು ಕರಗಬೇಕು, ಇಲ್ಲವೇ ನಡುಗಬೇಕು. ಎರಡರಲ್ಲಿ ಒಂದಾದರೆ ಬೆರಳು ತಾನಾಗಿ ಒತ್ತುತ್ತದೆ. 2000ನೆಯ ಇಸವಿಯ ಮೇ 4ರಂದು ಫಿಲಿಪೈನ್ಸ್ ದೇಶದಿಂದ ಹೊರಟ ಒಂದು ಕಡತದ ಕಥೆ ಇದಕ್ಕೆ ಸಾಕ್ಷಿ. 'ನಿನಗಾಗಿ ಒಂದು ಪ್ರೇಮಪತ್ರ' ಎಂಬ ಅರ್ಥದ ಇಂಗ್ಲಿಷ್ ಹೆಸರು ಅದಕ್ಕಿತ್ತು. ಹೆಸರಿನ ಹಿಂದೆ, ಸಾಮಾನ್ಯ ಬರಹವನ್ನು ಸೂಚಿಸುವ 'ಟಿಎಕ್ಸ್‌ಟಿ' ಎಂಬ ಮೂರು ಅಕ್ಷರಗಳು. ಅದರ ಹಿಂದೆ, ಯಂತ್ರಕ್ಕೆ ಆಜ್ಞೆ ಮಾಡುವ ಬರಹವನ್ನು ಸೂಚಿಸುವ 'ವಿಬಿಎಸ್' ಎಂಬ ಮತ್ತೆ ಮೂರು ಅಕ್ಷರಗಳು. ಅಂದಿನ ಗಣಕಯಂತ್ರಗಳು ಕೊನೆಯ ಮೂರು ಅಕ್ಷರಗಳನ್ನು ಸಾಮಾನ್ಯವಾಗಿ ಮರೆಮಾಡಿ ತೋರಿಸುತ್ತಿದ್ದವು. ಜನ ಪತ್ರವೆಂದು ತೆರೆದರು; ತೆರೆದುದು ಪತ್ರವಾಗಿರಲಿಲ್ಲ. ಅದು ಯಂತ್ರದೊಳಗಿನ ಚಿತ್ರಗಳನ್ನು ಹಾಳುಗೆಡವಿ, ಆ ಯಂತ್ರದಲ್ಲಿ ವಿಳಾಸವಿದ್ದ ಎಲ್ಲರಿಗೂ ತನ್ನನ್ನು ತಾನೇ ಕಳುಹಿಸಿಕೊಂಡಿತು. ಕೆಲವೇ ದಿನಗಳಲ್ಲಿ ಅದು ಕೋಟಿಗಳ ಲೆಕ್ಕದ ಗಣಕಯಂತ್ರಗಳನ್ನು ತಟ್ಟಿತೆಂದು ಅಂದಾಜು ಮಾಡಲಾಗಿದೆ. ಬ್ರಿಟನ್ನಿನ ಪಾರ್ಲಿಮೆಂಟಿನ ವಿದ್ಯುನ್ಮಾನ ಅಂಚೆಯೂ ಸ್ವಲ್ಪ ಕಾಲ ಸ್ಥಗಿತಗೊಂಡಿತು. ಅಲ್ಲಿ ಮೋಸಹೋದವರು ಓದುಬಾರದವರಲ್ಲ. ಕಚೇರಿಗಳಲ್ಲಿ ಕುಳಿತ ವಿದ್ಯಾವಂತರು. ಅವರು ಹೆಸರಿನ ಆರಂಭವನ್ನು ಓದಿದರು, ಕೊನೆಯನ್ನು ಓದಲಿಲ್ಲ.

ಕೊನೆಯಲ್ಲಿ ಅರ್ಥವಿರುತ್ತದೆಂಬ ಮಾತು ಕನ್ನಡ ಬಲ್ಲವರಿಗೆ ಹೊಸದಲ್ಲ. 'ಹುಲಿ', 'ಬೇಟೆಗಾರ', 'ಕೊಂದಿತು' ಎಂಬ ಮೂರು ಪದಗಳನ್ನು ಕೇಳಿದಾಗ, ಬೇಟೆಗಾರನಿಗೆ ಹತ್ತಿದ ವಿಭಕ್ತಿಪ್ರತ್ಯಯವನ್ನೂ ವಾಕ್ಯದ ಕೊನೆಯ ಕ್ರಿಯಾಪದವನ್ನೂ ಗಮನಿಸಿದ ಮೇಲಲ್ಲವೇ ಸತ್ತವನಾರು ಎಂಬುದು ನಿಶ್ಚಯವಾಗುವುದು? 'ಬೇಟೆಗಾರನು ಹುಲಿಯನ್ನು ಕೊಂದನು', 'ಬೇಟೆಗಾರನನ್ನು ಹುಲಿಯು ಕೊಂದಿತು' ಎಂಬ ಎರಡು ವಾಕ್ಯಗಳು ಒಂದೇ ಹೆಸರಿನಿಂದ ಆರಂಭವಾಗಿ, ಪ್ರತ್ಯಯದ ಬಲದಿಂದಲೇ ಜೀವ ಮರಣಗಳಷ್ಟು ದೂರವಾಗುತ್ತವೆ. ಕಡತದ ಹೆಸರಿನ ಕೊನೆಯ ಚುಕ್ಕೆಯ ನಂತರ ಬರುವ ಅಕ್ಷರಗಳೂ ಪ್ರತ್ಯಯಗಳೇ. 'ಜೆಪಿಜಿ' ಎಂದರೆ ಚಿತ್ರ. 'ಪಿಡಿಎಫ್' ಎಂದರೆ ಪುಟ. 'ಎಂಪಿ4' ಎಂದರೆ ಚಲನಚಿತ್ರ. 'ಎಪಿಕೆ' ಎಂದರೆ ಆಂಡ್ರಾಯ್ಡ್ ಫೋನಿನಲ್ಲಿ ನೆಲೆಯೂರಿ ಕೆಲಸಮಾಡುವ ತಂತ್ರಾಂಶ. 'ಇಎಕ್ಸ್‌ಇ' ಎಂದರೆ ಗಣಕಯಂತ್ರದಲ್ಲಿ ಅದೇ ಕೆಲಸ ಮಾಡುವಂತಹುದು. ಮೊದಲ ಮೂರು ಸಾಮಾನ್ಯವಾಗಿ ನೋಡುವ ವಸ್ತುಗಳು. ಕೊನೆಯ ಎರಡು ಮನೆಯೊಳಗೆ ಬಂದು ಕೆಲಸ ಮಾಡುವ ಆಳುಗಳು. ಗೋಡೆಗೆ ತೂಗುಹಾಕುವ ಪಟಕ್ಕೂ, ಬೀಗದ ಕೈಯನ್ನು ಕೇಳುವ ಆಳಿಗೂ ಇರುವ ವ್ಯತ್ಯಾಸವನ್ನು ಯಾವ ಗೃಹಸ್ಥನೂ ಮರೆಯಲಾರನು.

ಇತ್ತೀಚಿನ ವಂಚನೆಗಳೆಲ್ಲ ಈ ವ್ಯತ್ಯಾಸವನ್ನು ಮರೆಸುವ ಉಪಾಯಗಳೇ ಆಗಿವೆ. ಮದುವೆಯ ಕರೆಯೋಲೆಯ ಹೆಸರಿನಲ್ಲಿ ಎಪಿಕೆ ಕಡತಗಳು ವಾಟ್ಸಾಪಿನಲ್ಲಿ ಹರಿದಾಡುತ್ತಿವೆಯೆಂದು 2024ರ ನವೆಂಬರ್ ತಿಂಗಳಲ್ಲಿ ಹಿಮಾಚಲ ಪ್ರದೇಶದ ಪೊಲೀಸರು ಜನರನ್ನು ಎಚ್ಚರಿಸಿದರು. ವಾಹನದ ದಂಡದ ಚೀಟಿಯೆಂಬ ಹೆಸರಿನಲ್ಲಿಯೂ, 2019ರಿಂದ ರೈತ ಕುಟುಂಬಗಳಿಗೆ ವರ್ಷಕ್ಕೆ 6,000 ರೂಪಾಯಿಗಳನ್ನು ಮೂರು ಕಂತುಗಳಲ್ಲಿ ನೀಡುತ್ತಿರುವ ಪಿ.ಎಂ. ಕಿಸಾನ್ ಯೋಜನೆಯ ಹೆಸರಿನಲ್ಲಿಯೂ ಇಂತಹ ಕಡತಗಳು ಬಂದಿವೆ. ಈ ಹೆಸರುಗಳ ಆಯ್ಕೆಯನ್ನು ಗಮನಿಸಬೇಕು. ಒಂದರಲ್ಲಿ ಬಾಂಧವ್ಯ, ಒಂದರಲ್ಲಿ ಭಯ, ಒಂದರಲ್ಲಿ ಆಸೆ. ಕಡತವನ್ನು ಒತ್ತಿದೊಡನೆ ಫೋನು ಅದನ್ನು ಸ್ಥಾಪಿಸಲು ಅನುಮತಿ ಕೇಳುತ್ತದೆ. ನಂತರ ಸಂದೇಶಗಳನ್ನು ಓದಲು ಅನುಮತಿ ಕೇಳುತ್ತದೆ. ಎರಡನ್ನೂ ಕೊಟ್ಟವನ ಬ್ಯಾಂಕಿನಿಂದ ಬರುವ ಗುಪ್ತಸಂಖ್ಯೆಗಳು ಅವನಿಗೆ ತಿಳಿಯದಂತೆಯೇ ದೂರದ ಕಳ್ಳನ ಕೈಸೇರುತ್ತವೆ. ಕರೆಯೋಲೆಯನ್ನು ಓದಲು ಯಾರೂ ಮನೆಯ ಬೀಗದ ಕೈಯನ್ನು ಕೊಡಬೇಕಾಗಿಲ್ಲ. ಚಿತ್ರವಾಗಲಿ ಪತ್ರವಾಗಲಿ ತನ್ನನ್ನು ಸ್ಥಾಪಿಸೆಂದು ಕೇಳುವುದಿಲ್ಲ. ಕಿರಿದಾದ ಪರದೆಯ ಮೇಲೆ ಉದ್ದನೆಯ ಹೆಸರಿನ ಕೊನೆ ಕಾಣದೆ ಹೋಗಬಹುದು. ಕಣ್ಣಿಗೆ ಕಾಣದ ಚಿಹ್ನೆಯೊಂದನ್ನು ನಡುವೆ ಸೇರಿಸಿ ಕೊನೆಯ ಅಕ್ಷರಗಳನ್ನು ತಿರುವುಮುರುವಾಗಿ ತೋರಿಸುವ ಚಮತ್ಕಾರವೂ ಉಂಟು. ಆದರೆ ಅನುಮತಿಯ ಪ್ರಶ್ನೆಯನ್ನು ಮೋಸಗಾರನು ಸುಲಭವಾಗಿ ತಪ್ಪಿಸಲಾರನು. ಹೆಸರು ಕೈಕೊಟ್ಟಾಗ ಎಚ್ಚರಿಸುವ ಎರಡನೆಯ ಕಾವಲುಗಾರನು ಅದು.

'ಕಳುಹಿಸಿದವರು ಪರಿಚಿತರು, ಸಂಶಯಪಡುವುದು ಹೇಗೆ?' ಎಂದು ಹಲವರು ಕೇಳುತ್ತಾರೆ. ಪ್ರಶ್ನೆಯು ಸೌಜನ್ಯದಿಂದ ಹುಟ್ಟಿದುದಾದರೂ ಸರಿಯಾದುದಲ್ಲ. ಇಂತಹ ತಂತ್ರಾಂಶವು ಹೊಕ್ಕ ಫೋನಿನಿಂದ ಅದೇ ಕಡತವು ಆ ಮನೆಯವರ ಬಂಧುಮಿತ್ರರಿಗೆಲ್ಲ ಹೋಗುವುದುಂಟು. ಕಳುಹಿಸಿದ ಹೆಸರು ಬಂಧುವಿನದು, ಕೈ ಕಳ್ಳನದು. ಹಾಲಿನ ಡೇರಿಯ ಪದ್ಧತಿಯು ಇಲ್ಲಿ ಒಳ್ಳೆಯ ಪಾಠವನ್ನು ಹೇಳುತ್ತದೆ. 1974ರಲ್ಲಿ ವಿಶ್ವಬ್ಯಾಂಕಿನ ನೆರವಿನಿಂದ ಕರ್ನಾಟಕದಲ್ಲಿ ಡೇರಿ ಅಭಿವೃದ್ಧಿ ಯೋಜನೆ ಆರಂಭವಾದಂದಿನಿಂದ ಹಳ್ಳಿಹಳ್ಳಿಗಳಲ್ಲಿ ಹಾಲು ಉತ್ಪಾದಕರ ಸಹಕಾರ ಸಂಘಗಳು ಬೆಳೆದುಬಂದಿವೆ. ಅಲ್ಲಿ ಹಾಲನ್ನು ತಂದವರೆಲ್ಲ ಕಾರ್ಯದರ್ಶಿಗೆ ಪರಿಚಿತರೇ. ಕೆಲವರು ನೆಂಟರೂ ಆಗಿರಬಹುದು. ಆದರೂ ಹಾಲನ್ನು ಪರೀಕ್ಷಿಸದೆ ಅಳೆದುಕೊಳ್ಳುವುದಿಲ್ಲ. ಇದರಿಂದ ಯಾರಿಗೂ ಅವಮಾನವಾಯಿತೆಂದು ಯಾರೂ ಭಾವಿಸುವುದಿಲ್ಲ. ಬೆಳ್ಳಗಿರುವುದೆಲ್ಲ ಹಾಲಲ್ಲವೆಂಬ ಗಾದೆಯನ್ನು ಒಪ್ಪಿದ ಊರಿನಲ್ಲಿ ಪರೀಕ್ಷೆಯು ಸ್ನೇಹಕ್ಕೆ ವಿರೋಧಿಯಲ್ಲ. ಕಡತ ಬಂದಾಗ ಕಳುಹಿಸಿದವರಿಗೆ ಒಂದು ಕರೆ ಮಾಡಿ 'ಇದನ್ನು ನೀವೇ ಕಳುಹಿಸಿದಿರಾ?' ಎಂದು ಕೇಳುವುದೂ ಅಂತಹುದೇ ಪರೀಕ್ಷೆ. ಕೆಲವೊಮ್ಮೆ ಆ ಕರೆಯೇ ಅವರ ಫೋನು ಕೆಟ್ಟಿರುವ ಸಂಗತಿಯನ್ನು ಅವರಿಗೆ ಮೊದಲು ತಿಳಿಸುತ್ತದೆ.

ಕೊಂಡಿಗಳ ವಿಚಾರದಲ್ಲಿಯೂ ಕೊನೆಯಿಂದ ಓದುವ ವಿದ್ಯೆಯೇ ಉಪಯೋಗಕ್ಕೆ ಬರುತ್ತದೆ. ಅಂಚೆಯ ಲಕೋಟೆಯ ಮೇಲೆ ಮೊದಲು ವ್ಯಕ್ತಿಯ ಹೆಸರು, ಆಮೇಲೆ ಊರು, ತಾಲ್ಲೂಕು, ಜಿಲ್ಲೆ, ಕೊನೆಗೆ ರಾಜ್ಯವನ್ನೂ ಪಿನ್ ಸಂಖ್ಯೆಯನ್ನೂ ಬರೆಯುತ್ತಾರೆ. ಅಂಚೆಯವರು ಅದನ್ನು ವಿಂಗಡಿಸುವುದು ಕೊನೆಯಿಂದ. 1972ರ ಆಗಸ್ಟ್ 15ರಂದು ಜಾರಿಗೆ ಬಂದ ಆರು ಅಂಕಿಗಳ ಪಿನ್ ಸಂಖ್ಯೆಯಲ್ಲಿ ಮೊದಲ ಅಂಕಿ 5 ಎಂದಿದ್ದರೆ ಪತ್ರವು ಕರ್ನಾಟಕ, ಆಂಧ್ರ, ತೆಲಂಗಾಣಗಳ ಕಡೆಗೆ ಹೊರಡುತ್ತದೆ. ಅಂತರಜಾಲದ ವಿಳಾಸವೂ ಹೀಗೆಯೇ ಕಿರಿದರಿಂದ ಹಿರಿದಕ್ಕೆ ಸಾಗುತ್ತದೆ. ಆರಂಭದ ಜೋಡಿ ಓರೆಗೆರೆಗಳನ್ನು ಬಿಟ್ಟು, ಆಮೇಲೆ ಬರುವ ಮೊದಲ ಓರೆಗೆರೆಯವರೆಗಿನ ಭಾಗವೇ ವಿಳಾಸ. ಅದರ ಕೊನೆಯಲ್ಲಿರುವ ಹೆಸರೇ ಒಡೆಯನದು. 'ಕರ್ನಾಟಕ.ಗವ್.ಇನ್' ಎಂದು ಮುಗಿಯುವುದು ಕರ್ನಾಟಕ ಸರ್ಕಾರದ ವಿಳಾಸ, 'ಗವ್.ಇನ್' ಎಂಬ ಕೊನೆಯು ಭಾರತದ ಸರ್ಕಾರಿ ಸಂಸ್ಥೆಗಳಿಗಲ್ಲದೆ ಬೇರೆಯವರಿಗೆ ದೊರೆಯುವುದಿಲ್ಲ. ಅದೇ ಹೆಸರು ನಡುವೆ ಬಂದು, ಅದರ ಮುಂದೆ ಇನ್ನೊಂದು ಚುಕ್ಕೆಯೂ ಅಪರಿಚಿತವಾದ ಇನ್ನೊಂದು ಹೆಸರೂ ಇದ್ದರೆ ಅದು ಸರ್ಕಾರದ್ದಲ್ಲ. ಸರ್ಕಾರದ ಹೆಸರನ್ನು ತನ್ನ ಅಂಗಡಿಯ ಬಾಗಿಲಿಗೆ ಬರೆದುಕೊಂಡವನದು. ವಿಳಾಸದ ಪಕ್ಕದಲ್ಲಿ ಕಾಣುವ ಬೀಗದ ಚಿತ್ರವೂ ಪ್ರಾಮಾಣಿಕತೆಯ ಮುದ್ರೆಯಲ್ಲ. ದಾರಿಯಲ್ಲಿ ಯಾರೂ ಕದ್ದುಕೇಳುವುದಿಲ್ಲವೆಂದಷ್ಟೇ ಅದರ ಅರ್ಥ. ದಾರಿ ಭದ್ರವಾಗಿದ್ದರೂ ಅದು ಕಳ್ಳನ ಮನೆಗೆ ಹೋಗುವ ದಾರಿಯಾಗಿರಬಹುದು.

ಇಷ್ಟು ಹೇಳಿದಮೇಲೆ ನ್ಯಾಯವಾದ ಒಂದು ಆಕ್ಷೇಪಣೆಗೆ ಉತ್ತರ ಹೇಳಬೇಕಾಗುತ್ತದೆ. ಹೊಲದ ದುಡಿಮೆಯಿಂದ ದಣಿದು ಬಂದ ಮನುಷ್ಯನು ಪ್ರತಿಯೊಂದು ಹೆಸರನ್ನೂ ಚುಕ್ಕೆ ಚುಕ್ಕೆಯಾಗಿ ಬಿಡಿಸಿ ಓದಬೇಕೆಂದು ಹೇಳುವುದು ಎಷ್ಟರ ಮಟ್ಟಿಗೆ ಸರಿ? ಓದುವ ಹೊಣೆಯೆಲ್ಲ ಓದುವವನದೇ ಆಗಬಾರದು, ಬರೆಯುವವನಿಗೂ ಹೊಣೆಯಿದೆ. ಗ್ರಾಹಕರನ್ನು ಎಚ್ಚರಿಸುವ ಸಂಸ್ಥೆಗಳೇ ಒಮ್ಮೊಮ್ಮೆ ಕತ್ತರಿಸಿ ಗಿಡ್ಡಮಾಡಿದ ಕೊಂಡಿಗಳನ್ನು ಕಳುಹಿಸುತ್ತವೆ. ಆ ಕೊಂಡಿಯಲ್ಲಿ ಊರೂ ಇಲ್ಲ, ಒಡೆಯನ ಹೆಸರೂ ಇಲ್ಲ. ಇಂದು ಪ್ರಾಮಾಣಿಕವಾದ ಕುರುಡು ಕೊಂಡಿಯನ್ನು ಒತ್ತಿ ಅಭ್ಯಾಸವಾದವನು ನಾಳೆ ಕಪಟದ ಕುರುಡು ಕೊಂಡಿಯನ್ನೂ ಒತ್ತುತ್ತಾನೆ. ಜನರಿಗೆ ಕೆಟ್ಟ ಅಭ್ಯಾಸವನ್ನು ಕಲಿಸಿ, ಅವರು ಎಡವಿದಾಗ ಅಜ್ಞಾನಿಗಳೆಂದು ಜರೆಯುವುದು ಧರ್ಮವಲ್ಲ.

ಈ ದಿಕ್ಕಿನಲ್ಲಿ ಕೆಲವು ಹೆಜ್ಜೆಗಳು ಬಿದ್ದಿವೆಯೆಂಬುದು ಸಮಾಧಾನದ ಸಂಗತಿ. ಮೊದಲೇ ನೋಂದಾಯಿಸಿ ಒಪ್ಪಿಗೆ ಪಡೆಯದ ಕೊಂಡಿಗಳನ್ನೂ ಎಪಿಕೆಗಳನ್ನೂ ಹೊತ್ತ ಎಸ್.ಎಂ.ಎಸ್. ಸಂದೇಶಗಳನ್ನು ತಡೆಯಬೇಕೆಂಬ ದೂರಸಂಪರ್ಕ ನಿಯಂತ್ರಣ ಪ್ರಾಧಿಕಾರದ ಆಜ್ಞೆಯು 2024ರ ಅಕ್ಟೋಬರ್ 1ರಿಂದ ಜಾರಿಗೆ ಬಂದಿತು. 2025ರ ಫೆಬ್ರವರಿಯಲ್ಲಿ ಅದೇ ಪ್ರಾಧಿಕಾರವು ಸಂದೇಶ ಕಳುಹಿಸುವ ಸಂಸ್ಥೆಯ ಹೆಸರಿನ ಕೊನೆಗೆ ಒಂದು ಅಕ್ಷರವನ್ನು ಸೇರಿಸಬೇಕೆಂದು ವಿಧಿಸಿತು: ಜಾಹೀರಾತಿಗೆ 'ಪಿ', ಸೇವೆಗೆ 'ಎಸ್', ಹಣದ ವ್ಯವಹಾರಕ್ಕೆ 'ಟಿ', ಸರ್ಕಾರಕ್ಕೆ 'ಜಿ'. ಬ್ಯಾಂಕುಗಳು 2025ರ ಅಕ್ಟೋಬರ್ 31ರೊಳಗೆ ತಮ್ಮ ಅಂತರಜಾಲ ವಿಳಾಸಗಳನ್ನು 'ಬ್ಯಾಂಕ್.ಇನ್' ಎಂಬ ಕೊನೆಗೆ ಬದಲಿಸಿಕೊಳ್ಳಬೇಕೆಂದು ರಿಸರ್ವ್ ಬ್ಯಾಂಕು ಆದೇಶಿಸಿತು. ಈ ಸುಧಾರಣೆಗಳೂ ಗುರುತನ್ನು ಹೆಸರಿನ ಕೊನೆಯಲ್ಲಿಯೇ ಇಟ್ಟಿವೆ. ಆದರೆ ಓದುವ ಕಣ್ಣಿಲ್ಲದಿದ್ದರೆ ಗುರುತಿನಿಂದ ಪ್ರಯೋಜನವಿಲ್ಲ. ವಾಟ್ಸಾಪಿನ ಮೂಲಕ ಬರುವ ಕಡತಕ್ಕೆ ಎಸ್.ಎಂ.ಎಸ್. ಸಂದೇಶದ ಈ ಕಾವಲು ತಟ್ಟುವುದೂ ಇಲ್ಲ.

ಕಾನೂನಿನ ಸ್ಥಿತಿಯೂ ಹೀಗೆಯೇ. ಪ್ರೇಮಪತ್ರದ ಕಡತವು ಹರಡಿದಾಗ ಫಿಲಿಪೈನ್ಸ್ ದೇಶದಲ್ಲಿ ಅಂತಹ ಕೃತ್ಯವನ್ನು ಶಿಕ್ಷಿಸುವ ಕಾಯಿದೆಯೇ ಇಲ್ಲದೆ ಆಪಾದಿತನು ಬಿಡುಗಡೆ ಹೊಂದಿದನು. ಭಾರತದಲ್ಲಿ 2000ನೆಯ ಇಸವಿಯ ಅಕ್ಟೋಬರ್ 17ರಿಂದ ಮಾಹಿತಿ ತಂತ್ರಜ್ಞಾನ ಕಾಯಿದೆ ಜಾರಿಯಲ್ಲಿದೆ. ಗಣಕಯಂತ್ರದ ಮೂಲಕ ಸೋಗುಹಾಕಿ ವಂಚಿಸಿದವನಿಗೆ ಅದರ 66ಡಿ ವಿಧಿಯಂತೆ 3 ವರ್ಷಗಳವರೆಗೆ ಸೆರೆವಾಸವನ್ನೂ 1 ಲಕ್ಷ ರೂಪಾಯಿಗಳವರೆಗೆ ದಂಡವನ್ನೂ ವಿಧಿಸಬಹುದು. ಇಂತಹ ಅಪರಾಧಗಳಿಗೆಂದೇ 2001ರಲ್ಲಿ ಬೆಂಗಳೂರಿನಲ್ಲಿ ಪೊಲೀಸ್ ಠಾಣೆಯೊಂದು ಸ್ಥಾಪಿತವಾಯಿತು. ಆದರೆ ಕಾಯಿದೆಯು ಕಳ್ಳನ ಹಿಂದೆ ಓಡುತ್ತದೆ. ಕಳ್ಳನಿಗಿಂತ ಮೊದಲು ಮನೆಗೆ ಬರುವುದು ವಿವೇಕವೊಂದೇ.

ವಿವೇಕವಿದ್ದೂ ಎಡವಿದವರ ಗತಿಯೇನು? ಅಂತಹವರನ್ನು ಹೆಚ್ಚಾಗಿ ಕೊಲ್ಲುವುದು ಹಣದ ನಷ್ಟವಲ್ಲ, ನಾಚಿಕೆ. ಊರವರು ನಗುವರೆಂದೂ ಮಕ್ಕಳು ಬೈಯುವರೆಂದೂ ಅಂಜಿ ಅವರು ಬಾಯಿಬಿಡದೆ ಕುಳಿತುಬಿಡುತ್ತಾರೆ. ಆ ಮೌನವೇ ಕಳ್ಳನಿಗೆ ದೊರೆಯುವ ದೊಡ್ಡ ಸಹಾಯ. ಕದ್ದ ಹಣವು ಒಂದು ಖಾತೆಯಿಂದ ಇನ್ನೊಂದಕ್ಕೆ ಹಾರುತ್ತ ಹೋಗುತ್ತದೆ. ಬೇಗ ತಿಳಿಸಿದರೆ ನಡುದಾರಿಯಲ್ಲಿ ತಡೆಹಿಡಿಯುವ ಸಾಧ್ಯತೆಯುಂಟು. ಇದಕ್ಕಾಗಿಯೇ 1930 ಎಂಬ ರಾಷ್ಟ್ರೀಯ ಸಹಾಯವಾಣಿ ಇದೆ. ಬ್ಯಾಂಕಿಗೆ ತಿಳಿಸಿದ ನಂತರ ಆಗುವ ನಷ್ಟವನ್ನು ಗ್ರಾಹಕನಲ್ಲ, ಬ್ಯಾಂಕೇ ಹೊರಬೇಕೆಂದು ರಿಸರ್ವ್ ಬ್ಯಾಂಕು 2017ರ ಜುಲೈ 6ರ ಸುತ್ತೋಲೆಯಲ್ಲಿ ಹೇಳಿತು. ಹೀಗಿರುವಲ್ಲಿ, ಒಂದು ಗಂಟೆಯ ನಾಚಿಕೆಯ ಬೆಲೆ ಒಂದು ವರ್ಷದ ರಾಗಿಯ ಬೆಲೆಯಾಗಬಹುದು. ಮನೆಯಲ್ಲಿ ಯಾರಾದರೂ 'ಏನೋ ಒತ್ತಿಬಿಟ್ಟೆ' ಎಂದು ಹೇಳಿದಾಗ ಮೊದಲು ಬರಬೇಕಾದುದು ಬೈಗುಳವಲ್ಲ, ಸಹಾಯವಾಣಿಗೆ ಕರೆ.

ಒಂದು ಕಾಲದಲ್ಲಿ ಹಳ್ಳಿಗೆ ಪತ್ರ ಬಂದರೆ ಅದನ್ನು ಓದಿ ಹೇಳುವ ಭಾರ ಶಾಲೆಗೆ ಹೋಗುವ ಮಗುವಿನ ಮೇಲೆ ಬೀಳುತ್ತಿತ್ತು. ಇಂದು ಆ ಭಾರವು ಬೇರೊಂದು ರೂಪದಲ್ಲಿ ಮರಳಿ ಬಂದಿದೆ. ಅಜ್ಜಿಯ ಪಿಂಚಣಿಯ ಸಂದೇಶವನ್ನೂ, ತಂದೆಯ ಬೆಳೆವಿಮೆಯ ಕಡತವನ್ನೂ ಅನೇಕ ಮನೆಗಳಲ್ಲಿ ತೆರೆದು ನೋಡುವುದು ಪ್ರೌಢಶಾಲೆಯ ವಿದ್ಯಾರ್ಥಿಯೇ. ಅವನ ಬೆರಳಿಗೆ ವೇಗವಿದೆ. ಆ ವೇಗಕ್ಕೆ ಒಂದು ಕ್ಷಣದ ವಿಳಂಬವನ್ನು ಕಲಿಸುವುದೇ ಈಗ ಆಗಬೇಕಾದ ಕೆಲಸ. ಹಿರಿಯರು ಪಹಣಿಯನ್ನು ಅಂಕಣ ಅಂಕಣವಾಗಿ ಓದುವ ತಾಳ್ಮೆಯನ್ನು ಕಿರಿಯರಿಗೆ ಕೊಡಲಿ. ಕಿರಿಯರು ಕಡತದ ಹೆಸರನ್ನು ಕೊನೆಯಿಂದ ಓದುವ ಜಾಣ್ಮೆಯನ್ನು ಹಿರಿಯರಿಗೆ ಕೊಡಲಿ. ಹೆಬ್ಬೆಟ್ಟಿನ ಕಾಲವು ಮುಗಿಯಿತೆಂದು ನಾಡು ಹೆಮ್ಮೆಪಡುತ್ತದೆ. ಓದದೆ ಒತ್ತುವ ಬೆರಳು ಒಂದೇ ಒಂದು ಉಳಿದಿದ್ದರೂ ಆ ಕಾಲವು ಪೂರ್ತಿಯಾಗಿ ಮುಗಿದಂತಲ್ಲ.